ಮಂಜಿ ಕಾಯುವವರು

14 ನವೆಂಬರ್ 2022
ಟವರ್ ಕೇಂದ್ರ, ಲಕ್ಷದ್ವೀಪ

ಮಾನ್ಯರೇ,

ನಿಮ್ಮ ಏಜೆನ್ಸಿಯವರು ಮಂಗಳೂರಿನ ಹಳೆ ಬಂದರಿನಿಂದ ಮಂಜಿಯಲ್ಲಿ ಕಳಿಸಿದ ಬ್ಯಾಟರಿಗಳು ನಿನ್ನೆ ಈ ದ್ವೀಪಕ್ಕೆ ಮುಟ್ಟಿದವು. ಅವನ್ನು ಆ ಸರಕಿನ ಹಡಗಿನ ತೆರೆದ ಅಟ್ಟದಲ್ಲಿ ಈರುಳ್ಳಿ ಚೀಲಗಳ ಪಕ್ಕ ಇಟ್ಟಿದ್ದರು. ಈರುಳ್ಳಿಗೆ ಟಾರ್ಪಾಲು ಹೊದೆಸಿದ್ದರು, ಬ್ಯಾಟರಿಗೆ ಇಲ್ಲ. ಹೆಚ್ಚಿನವು ಉಪ್ಪುನೀರು ಕುಡಿದು ಸತ್ತಿವೆ.

ಇಲ್ಲಿರುವುದು ಒಂದೇ ಮೊಬೈಲ್ ಟವರ್. ಊರಿಗೆ ಹೋಗುವ ಕರೆಗಳೆಲ್ಲ ಉಪಗ್ರಹ ಹತ್ತಿ ಇಳಿಯಬೇಕು. ಹಳೆಯ ಬ್ಯಾಟರಿಗಳು ಕೈಕೊಟ್ಟ ಮೇಲೆ ಟವರ್ ಹಗಲು ಸ್ವಲ್ಪ ಹೊತ್ತು ಎದ್ದು ಮತ್ತೆ ಮಲಗುತ್ತಿತ್ತು. ಈಗ ಪೂರ್ತಿ ಮಲಗಿದೆ. ಫೋನ್ ಮಾಡಿ ದೂರು ಕೊಡುವ ಅಂದರೆ ಫೋನೇ ಇಲ್ಲ. ಅದಕ್ಕೆ ಈ ಕಾಗದವನ್ನು ಮಂಜಿ ನಡೆಸುವ ತಾಂಡೇಲ ಕುಂಞಿಕೋಯ ಅವರ ಕೈಯಲ್ಲೇ ಕೊಟ್ಟಿದ್ದೇನೆ.

ಬೇರೆ ಬ್ಯಾಟರಿ ಕಳಿಸುವ ಏರ್ಪಾಡು ಮಾಡಿ. ಈ ಸಲ ಈರುಳ್ಳಿಗಿರುವ ಮರ್ಯಾದೆ ಅವಕ್ಕೂ ಸಿಗಲಿ.

ಇತಿ,
ಯೋಗೀಶ್
ತಂತ್ರಜ್ಞ


22 ನವೆಂಬರ್ 2022
ಹಳೆ ಬಂದರು, ಮಂಗಳೂರು

ಮಾನ್ಯರೇ,

ನಿಮ್ಮ ಕಾಗದ ಮುಟ್ಟಿತು. ತಪ್ಪು ನಮ್ಮದೇ. ನಮ್ಮ ಸಾಹುಕಾರರು ಕ್ಷಮೆ ಕೇಳಲು ಹೇಳಿಲ್ಲ, ಆದರೂ ನಾನು ಕೇಳುತ್ತಿದ್ದೇನೆ. ಹೊಸ ಬ್ಯಾಟರಿಗಳು ಬಂದಿವೆ. ಅವನ್ನು ಮಂಜಿಯ ಹೊಟ್ಟೆಯೊಳಗೆ, ಅಕ್ಕಿ ಚೀಲಗಳ ನಡುವೆ, ನನ್ನ ಕಣ್ಣೆದುರೇ ಇಡಿಸಿದ್ದೇನೆ.

ತಡವಾದದ್ದು ಯಾಕೆಂದು ನೀವು ತಿಳಿದಿರಬೇಕು. ನಿಮ್ಮ ದ್ವೀಪದ ಅಂಗಡಿಯವರು ಅಕ್ಕಿ, ಬೆಲ್ಲ, ಸಿಮೆಂಟು ಏನು ಬೇಕೆಂದು ಫೋನಿನಲ್ಲಿ ಹೇಳುತ್ತಿದ್ದರು. ಫೋನ್ ಇಲ್ಲದ ಮೇಲೆ ಆರ್ಡರ್ ಇಲ್ಲ. ಆರ್ಡರ್ ಇಲ್ಲದೆ ಮಂಜಿ ಅರ್ಧ ಖಾಲಿಯಾಗಿ ಬಂದರಿನ ದಕ್ಕೆಯಲ್ಲಿ ಕಟ್ಟಿಹಾಕಿಕೊಂಡಿತ್ತು. ನಿಮ್ಮ ಬ್ಯಾಟರಿ ಮಂಜಿ ಹೊರಡಲಿ ಎಂದು ಕಾಯುತ್ತಿತ್ತು. ಮಂಜಿ ನಿಮ್ಮ ಫೋನ್ ಬರಲಿ ಎಂದು ಕಾಯುತ್ತಿತ್ತು. ಯಾರಾದರೂ ಒಬ್ಬರು ಮೊದಲು ಏಳಬೇಕಲ್ಲ? ಕಳೆದ ವರ್ಷ ಈ ತಿಂಗಳು ಅಲ್ಲಿಯವರು ಏನೇನು ತರಿಸಿದ್ದರೋ ಅದನ್ನೇ ಅಂದಾಜಿನಲ್ಲಿ ತುಂಬಿಸಿ ಹೊರಡಿಸುತ್ತಿದ್ದೇನೆ. ಅಂದಾಜು ತಪ್ಪಿದರೆ ಬೈಗುಳ ನನ್ನ ಪಾಲಿಗೆ.

ಬ್ಯಾಟರಿಗೆ ಸುತ್ತಿದ ದಿನಪತ್ರಿಕೆಗಳು ಈ ವಾರದವು. ಎಸೆಯುವ ಮೊದಲು ಓದಬಹುದು.

ಇತಿ,
ಆಶಾಲತಾ
ಗುಮಾಸ್ತೆ


9 ಡಿಸೆಂಬರ್ 2022
ಟವರ್ ಕೇಂದ್ರ

ಆಶಾಲತಾ ಮೇಡಂ ಅವರಿಗೆ,

ಟವರ್ ಎದ್ದಿದೆ. ನಿಮ್ಮ ಅಂದಾಜು ತಪ್ಪಲಿಲ್ಲ. ಬೆಲ್ಲ ಮಾತ್ರ ಕಡಿಮೆ ಬಿತ್ತು ಎಂದು ಅಂಗಡಿಯವರ ದೂರು. ಅದನ್ನು ಅವರು ಈಗಾಗಲೇ ನಿಮ್ಮ ಕಚೇರಿಗೆ ಫೋನ್ ಮಾಡಿ ಹೇಳಿರಬೇಕು.

ಟವರ್ ಎದ್ದ ದಿನ ನೀವು ಇಲ್ಲಿ ಇರಬೇಕಿತ್ತು. ಸಿಗ್ನಲ್ ಬಂದದ್ದೇ ತಡ, ಜನರೆಲ್ಲ ಮನೆಯಿಂದ ಹೊರಗೆ ಬಂದರು. ತೆಂಗಿನ ಮರದ ಬುಡದಲ್ಲಿ, ಮಸೀದಿಯ ಮೆಟ್ಟಿಲಲ್ಲಿ, ದೋಣಿಯ ಒಳಗೆ ಎಲ್ಲ ಕಡೆ ಒಬ್ಬೊಬ್ಬರು ಕಿವಿಗೆ ಫೋನ್ ಹಿಡಿದು ನಿಂತಿದ್ದರು. ಪಕ್ಕದ ಮನೆಯ ರುಖಿಯಾ ಎಂಬ ಅಜ್ಜಿ ಕೊಚ್ಚಿಯಲ್ಲಿರುವ ಮಗಳ ಹತ್ತಿರ ಮಾತಾಡಿ ಬಂದು ನನ್ನ ತಲೆ ಸವರಿ ಹೋದರು. ಎಲ್ಲರ ಮಾತೂ ನನ್ನ ಕೋಣೆಯ ಪೆಟ್ಟಿಗೆಯ ಮೂಲಕ ದಾಟಿ ಹೋಗುತ್ತಿತ್ತು. ನಾನು ಕುಳಿತು ಪೆಟ್ಟಿಗೆಯ ದೀಪಗಳನ್ನು ನೋಡಿದೆ.

ಪತ್ರಿಕೆ ಓದಿದೆ, ಜಾಹೀರಾತು ಸಮೇತ. ತೊಕ್ಕೊಟ್ಟಿನ ಒಂದು ಅಂಗಡಿಯ ಉದ್ಘಾಟನೆಯ ಸುದ್ದಿ ಇತ್ತು. ನಾನೂ ಮಂಗಳೂರಿನ ಕಡೆಯವನೇ, ನಮ್ಮ ಮನೆ ಅಲ್ಲಿಂದ ಕಡಲಿನ ಕಡೆಗೆ. ಇನ್ನೂ ಹಳೆಯ ಪತ್ರಿಕೆಗಳಿದ್ದರೆ ಸುತ್ತಲು ಏನೂ ಇಲ್ಲದಿದ್ದರೂ ಕಳಿಸಿ.

ನನ್ನ ಮೊಬೈಲ್ ನಂಬರ್, ಕೇಂದ್ರದ ಫೋನ್ ನಂಬರ್ ಎರಡೂ ಕೆಳಗೆ ಬರೆದಿದ್ದೇನೆ. ಟವರ್ ಮಲಗಿದರೂ ಕೇಂದ್ರದ ಫೋನೊಂದು ಎದ್ದಿರಲಿ ಎಂದು ಬೇರೆ ಬ್ಯಾಟರಿ ಕೊಟ್ಟಿದ್ದೇನೆ. ನಿಮ್ಮದೂ ಕೊಟ್ಟರೆ ಮುಂದಿನ ಸಲ ಕಾಗದಕ್ಕೆ ಕಾಯಬೇಕಾಗಿಲ್ಲ.

ಯೋಗೀಶ್


5 ಜನವರಿ 2023
ಮಂಗಳೂರು

ಯೋಗೀಶ್ ಅವರಿಗೆ,

ಪತ್ರಿಕೆಗಳ ಕಟ್ಟು ಇದರ ಜೊತೆ ಉಂಟು. ಮಳೆಗಾಲ ಬಂದು ಮಂಜಿಗಳು ನಿಲ್ಲುವವರೆಗೆ ಪ್ರತಿ ಸಲ ಕಳಿಸುತ್ತೇನೆ.

ನಿಮ್ಮ ಫೋನ್ ಎದ್ದ ಮೇಲೆ ದಕ್ಕೆಯ ಬಣ್ಣವೇ ಬೇರೆ. ಮೂರು ಮಂಜಿಗಳು ಒಟ್ಟಿಗೆ ತುಂಬುತ್ತಿವೆ. ಇಂದು ಆಡುಗಳನ್ನು ಹತ್ತಿಸಿದರು. ಒಂದು ಆಡು ಹಲಗೆಯ ಮಧ್ಯದಲ್ಲಿ ನಿಂತುಬಿಟ್ಟಿತು, ಹಿಂದೂ ಇಲ್ಲ ಮುಂದೂ ಇಲ್ಲ. ಹಿಂದಿನಿಂದ ಕೂಲಿಯವರು ಬೊಬ್ಬೆ ಹಾಕಿದಷ್ಟೂ ಅದು ಇನ್ನಷ್ಟು ಗಟ್ಟಿಯಾಗಿ ನಿಂತಿತು. ಕೊನೆಗೆ ತಾಂಡೇಲರು ಎಲ್ಲರನ್ನೂ ಸುಮ್ಮನಿರಿಸಿದರು. ಸ್ವಲ್ಪ ಹೊತ್ತಿಗೆ ಅದು ತಾನೇ ನಡೆದು ಹೋಯಿತು. ನನಗೆ ಆ ಆಡಿನ ಮೇಲೆ ತುಂಬ ಪ್ರೀತಿ ಬಂತು.

ನಾನಿರುವುದು ಉರ್ವದಲ್ಲಿ, ಅಣ್ಣ ಚಿತ್ತರಂಜನನ ಮನೆಯಲ್ಲಿ. ಅಣ್ಣನಿಗೆ ಹೋಟೆಲ್ ಉಂಟು. ಮನೆಯಲ್ಲಿ ಯಾವಾಗಲೂ ಜನ, ಊಟದ ಮೇಜಿನಲ್ಲಿ ಯಾವಾಗಲೂ ಮಾತು. ನನ್ನದು ಮಾತು ಕಡಿಮೆ. ಬಂದರಿಗೆ ಬಸ್ಸಿನಲ್ಲಿ ಬಂದು ಈ ಮೇಜಿನಲ್ಲಿ ಕುಳಿತರೆ ನನ್ನ ದಿನ ಶುರುವಾಗುತ್ತದೆ. ಇಲ್ಲಿ ಕೆಲಸವೆಲ್ಲ ಬರೆಯುವುದು. ಫೋನಿನ ಕೆಲಸ ಪಕ್ಕದ ಮೇಜಿನ ಜೂಲಿಯದು.

ಆಶಾಲತಾ


11 ಫೆಬ್ರವರಿ 2023
ಟವರ್ ಕೇಂದ್ರ

ಆಶಾಲತಾ ಅವರಿಗೆ,

ನಂಬರ್ ಕೇಳಿದ್ದಕ್ಕೆ ನೀವು ಉತ್ತರ ಬರೆಯಲಿಲ್ಲ. ಮರೆತಿರಬಹುದು.

ನೀವು ಉರ್ವದವರು ಎಂದು ಓದಿದಾಗ ಕಾಗದ ಕೆಳಗಿಟ್ಟು ಸ್ವಲ್ಪ ಹೊತ್ತು ಹೊರಗೆ ಹೋದೆ. ನನ್ನ ಅಮ್ಮ ಉರ್ವ ಮಾರ್ಕೆಟಿನಲ್ಲಿ ಮೀನು ಮಾರುತ್ತಿದ್ದಳು. ಹೆಸರು ಅಕ್ಕು. ಅಪ್ಪ ಕಡಲಿಗೆ ಹೋಗುತ್ತಿದ್ದರು, ಅವರ ನಂತರ ತಮ್ಮ ಕಮಲೇಶ್ ಹೋಗುತ್ತಾನೆ. ನಾನೊಬ್ಬ ಐ.ಟಿ.ಐ. ಓದಿ ತಂತಿ ಹಿಡಿದವನು. ಬೆಳಗ್ಗೆ ಅಮ್ಮ ಬುಟ್ಟಿ ಹೊತ್ತು ಹೊಳೆಯ ಸಂಕ ದಾಟಿ ಬಸ್ಸಿನಲ್ಲಿ ಹೋದರೆ ಮಧ್ಯಾಹ್ನದ ಮೇಲೆ ಬರುತ್ತಿದ್ದಳು.

ಮೂರು ಮಳೆಗಾಲದ ಹಿಂದೆ ಅವಳು ತೀರಿಕೊಂಡಳು. ಆಗಲೂ ಟವರ್ ಮಲಗಿತ್ತು. ಬೇಕಾದ ಭಾಗ ಮಂಗಳೂರಿನಲ್ಲಿತ್ತು, ಮಳೆಗಾಲದಲ್ಲಿ ಮಂಜಿ ಇಲ್ಲ. ಕಮಲೇಶ್ ಎಷ್ಟು ಸಲ ಫೋನ್ ಮಾಡಿದನೋ. ಕೊನೆಗೆ ಅವನ ಕಾಗದ ಅಂಚೆಯಲ್ಲಿ ಕೊಚ್ಚಿಗೆ ಹೋಗಿ, ಅಲ್ಲಿಂದ ಹಡಗು ಹತ್ತಿ ನನ್ನ ಕೈಗೆ ಬಂದಾಗ ಉತ್ತರಕ್ರಿಯೆಯೂ ಮುಗಿದಿತ್ತು. ಇಡೀ ದ್ವೀಪಕ್ಕೆ ಸುದ್ದಿ ಮುಟ್ಟಿಸುವ ಕೆಲಸದವನು ನಾನು. ಆಮೇಲೆ ಊರಿಗೆ ಹೋಗಲು ಮನಸ್ಸೇ ಬರಲಿಲ್ಲ. ರಜೆ ಇದ್ದರೂ ಇಲ್ಲೇ ಇರುತ್ತೇನೆ. ಮದುವೆಯೂ ಹಾಗೆಯೇ ತಪ್ಪಿಹೋಯಿತು.

ಇದನ್ನೆಲ್ಲ ಯಾಕೆ ಬರೆದೆನೋ ಗೊತ್ತಿಲ್ಲ. ಇಲ್ಲಿ ಕನ್ನಡ ಬರೆಯುವವನು ನಾನೊಬ್ಬನೇ.

ಹೊಸ ಸುದ್ದಿ ಎಂದರೆ ದೂರದಲ್ಲಿ ಒಂದು ದೊಡ್ಡ ಬಿಳಿ ಹಡಗು ಸುತ್ತುತ್ತಿದೆ. ಕೊಚ್ಚಿಯಿಂದ ಸಮುದ್ರದ ಅಡಿಯಲ್ಲಿ ಕೇಬಲ್ ಎಳೆಯುತ್ತಾರಂತೆ. ಅದು ಬಂದರೆ ಸಿನೆಮಾ ಕೂಡ ನಿಲ್ಲದೆ ಓಡುತ್ತದೆ ಎಂದು ಊರಿನವರು ಖುಷಿಯಲ್ಲಿದ್ದಾರೆ.

ಯೋಗೀಶ್


3 ಮಾರ್ಚ್ 2023
ಮಂಗಳೂರು

ಯೋಗೀಶ್ ಅವರಿಗೆ,

ಅಕ್ಕು ಅವರನ್ನು ನಾನು ಬಲ್ಲೆ.

ಬಾಗಿಲಿನ ಬಲಗಡೆ, ಕಂಬಕ್ಕೆ ಒರಗಿ ಕುಳಿತುಕೊಳ್ಳುತ್ತಿದ್ದರು, ಅಲ್ಲವೇ? ಹಸಿರು ಬಣ್ಣದ ಬುಟ್ಟಿ. ನಾನು ಹೈಸ್ಕೂಲಿನಲ್ಲಿದ್ದಾಗಿನಿಂದ ಅವರಿಂದ ಮೀನು ತರುತ್ತಿದ್ದೆ. ಮಾರ್ಕೆಟಿನಲ್ಲಿ ನೂರು ಜನ ಬೊಬ್ಬೆ ಹಾಕುವಾಗ ನನಗೆ ಬೇಕಾದ್ದನ್ನು ಕೇಳುವುದೇ ಕಷ್ಟ. ನಿಮ್ಮ ಅಮ್ಮ ಕತ್ತಿ ಕೆಳಗಿಟ್ಟು ನನ್ನ ಮುಖ ನೋಡುತ್ತಿದ್ದರು. “ಪಣ್ಲ ಮಗಾ, ಎಂಕ್ ಅರ್ಜೆಂಟ್ ಇಜ್ಜಿ” ಅನ್ನುತ್ತಿದ್ದರು. ಹೇಳು ಮಗಾ, ನನಗೆ ಅವಸರ ಇಲ್ಲ ಎಂದು ನನ್ನ ಹತ್ತಿರ ಹೇಳಿದವರು ಈ ಊರಿನಲ್ಲಿ ಅವರೊಬ್ಬರೇ. ಅವರು ಒಂದು ದಿನ ಬರಲಿಲ್ಲ, ಮರುದಿನವೂ ಬರಲಿಲ್ಲ. ಪಕ್ಕದವರ ಹತ್ತಿರ ಕೇಳಬೇಕು ಅಂದುಕೊಂಡೆ, ಕೇಳಲಿಲ್ಲ. ಅವರು ಇಲ್ಲವೆಂದು ಈಗ ನಿಮ್ಮ ಕಾಗದದಿಂದ ತಿಳಿಯಿತು.

ನಿಮಗೆ ಅವರ ಕೊನೆಯ ದಿನಗಳು ಸಿಗಲಿಲ್ಲ. ನನ್ನ ಹತ್ತಿರ ಅವರ ಎಷ್ಟೋ ಬೆಳಗುಗಳಿವೆ. ಬೇಕೆಂದರೆ ಒಂದೊಂದಾಗಿ ಬರೆದು ಕಳಿಸುತ್ತೇನೆ.

ಕಚೇರಿಯ ನಂಬರ್ ಬಿಲ್ಲಿನ ಮೇಲೆಯೇ ಉಂಟು. ಆದರೆ ಕಾಗದವೇ ಒಳ್ಳೆಯದು ಅಂತ ನನಗೆ ಕಾಣುತ್ತದೆ.

ಆಶಾಲತಾ


2 ಏಪ್ರಿಲ್ 2023
ಟವರ್ ಕೇಂದ್ರ

ಮಾನ್ಯರೇ,

ನಿನ್ನೆ ಮಧ್ಯಾಹ್ನ ನಿಮ್ಮ ಕಚೇರಿಗೆ ಫೋನ್ ಮಾಡಿದ್ದೆ. ಅಮ್ಮನ ಬಗ್ಗೆ ನೀವು ಬರೆದದ್ದನ್ನು ಓದಿದ ಮೇಲೆ ಕಾಗದಕ್ಕೆ ಕಾಯಲು ಆಗಲಿಲ್ಲ. ಯಾರೋ ಎತ್ತಿದರು. ನಾನು ಹೇಳಿದೆ: “ಹಲೋ, ನಾನು ಯೋಗೀಶ್, ದ್ವೀಪದಿಂದ. ಆಶಾಲತಾ ಅವರು ಇದ್ದಾರಾ?” ಆ ಕಡೆ ಉಸಿರು ಕೇಳಿಸಿತು. ಫ್ಯಾನಿನ ಸದ್ದೂ ಕೇಳಿಸಿತು. “ನೀವೇನಾ?” ಎಂದು ಕೇಳಿದೆ. ಆಮೇಲೆ ಫೋನ್ ಇಟ್ಟರು.

ಲೈನು ಚೆನ್ನಾಗಿಯೇ ಇತ್ತು. ನನ್ನ ಕೆಲಸವೇ ಅದು, ನನಗೆ ಗೊತ್ತಾಗುತ್ತದೆ.

ಕಾಗದ ಬರೆಯುವುದು ಒಂದು, ಮಾತಾಡುವುದು ಇನ್ನೊಂದು. ನೀವು ದೊಡ್ಡ ಮನೆಯವರು. ನಾನು ನಿಮ್ಮ ಮನೆಗೆ ಮೀನು ಕೊಡುತ್ತಿದ್ದವಳ ಮಗ. ಅದನ್ನು ನಾನು ಮೊದಲೇ ಯೋಚಿಸಬೇಕಿತ್ತು. ತೊಂದರೆ ಕೊಟ್ಟದ್ದಕ್ಕೆ ಕ್ಷಮಿಸಿ. ಪತ್ರಿಕೆಗಳನ್ನು ಇನ್ನು ಕಳಿಸುವುದು ಬೇಡ.

ಯೋಗೀಶ್


12 ಮೇ 2023
ಟವರ್ ಕೇಂದ್ರ

ಏಜೆನ್ಸಿಯವರಿಗೆ,

ಇದು ಈ ಹಂಗಾಮಿನ ಕೊನೆಯ ಮಂಜಿಯಲ್ಲಿ ಬರುತ್ತಿದೆ. ಮಂಜಿ ಇನ್ನೂ ತೇಲುತ್ತಿರುವುದಕ್ಕೆ ನಿಮ್ಮ ಕಚೇರಿಯ ಒಬ್ಬರು ಕಾರಣ. ಅವರಿಗೆ ಈ ಕೃತಜ್ಞತೆ ಮುಟ್ಟಿಸಬೇಕೆಂದು ಕೋರುತ್ತೇನೆ.

ಸೋಮವಾರ ಬೆಳಗ್ಗೆ ಟವರಿನ ವಿದ್ಯುತ್ ಪೆಟ್ಟಿಗೆ ಸುಟ್ಟು ಮೊಬೈಲ್‌ಗಳೆಲ್ಲ ನಿಂತಿದ್ದವು. ಕುಂಞಿಕೋಯ ತಾಂಡೇಲರು ಕೊಬ್ಬರಿ ತುಂಬಿಸಿ ಹೊರಡಲು ಸಿದ್ಧರಾಗಿದ್ದರು. ಇಲ್ಲಿ ಕಡಲು ಕೊಳದ ಹಾಗೆ ಸುಮ್ಮನಿತ್ತು. ಅಷ್ಟರಲ್ಲಿ ಬೇರೆ ಬ್ಯಾಟರಿಯಲ್ಲಿ ಎದ್ದಿದ್ದ ಕೇಂದ್ರದ ಫೋನ್ ಬಡಿಯಿತು. ಎತ್ತಿದರೆ ಲೈನು ತುಂಡು ತುಂಡು. ಒಂದು ಅಕ್ಷರ ಬರುವುದು, ನಿಲ್ಲುವುದು, ಮತ್ತೆ ಅದೇ ಅಕ್ಷರ ಬರುವುದು. ಗಂಡಸೋ ಹೆಂಗಸೋ ಎಂದು ಕೂಡ ತಿಳಿಯಲಿಲ್ಲ.

“ಲೈನ್ ಕಟ್ ಕಟ್ ಆಗ್ತಾ ಉಂಟು ಮಾರಾಯ್ರೆ, ಇಡಿ. ನಾನೇ ಈಚೆಯಿಂದ ಮಾಡ್ತೇನೆ” ಅಂದೆ. ಆ ಕಡೆಯಿಂದ “ಇಡಬೇಡಿ” ಎಂಬ ಒಂದು ಮಾತು ಮಾತ್ರ ಹೇಗೋ ಪೂರ್ತಿ ಬಂತು. ಅದಕ್ಕೆ ಹಿಡಿದುಕೊಂಡೆ. ಮಂಜಿ, ಗಾಳಿ, ಹೊರಡಬೇಡಿ ಇಷ್ಟು ಕೂಡಿಸಿಕೊಳ್ಳುವಾಗ ನನ್ನ ಅಂಗಿ ಬೆವರಿನಲ್ಲಿ ನೆನೆದಿತ್ತು. ಓಡಿದೆ. ಹಗ್ಗ ಬಿಚ್ಚುತ್ತಿದ್ದರು. ತಾಂಡೇಲರು ಆಕಾಶ ನೋಡಿ ನಕ್ಕರು, “ಯಾರು ಹೇಳಿದ್ದು?” ಎಂದು ಕೇಳಿದರು. “ಮಂಗಳೂರು ಕಚೇರಿ” ಅಂದೆ. ಅವರು ಹಗ್ಗ ಮತ್ತೆ ಕಟ್ಟಿಸಿದರು.

ಸಂಜೆಗೆ ಗಾಳಿ ಬಂತು. ತೆಂಗಿನ ಮರಗಳು ನೆಲಕ್ಕೆ ತಾಗುತ್ತಿದ್ದವು. ಪಕ್ಕದ ದ್ವೀಪದಿಂದ ಅದೇ ಬೆಳಗ್ಗೆ ಹೊರಟ ಇನ್ನೊಂದು ಮಂಜಿ ಮುಳುಗಿತು. ಇಬ್ಬರು ಇನ್ನೂ ಸಿಕ್ಕಿಲ್ಲ. ನಮ್ಮ ಮಂಜಿಯ ಎಲ್ಲರೂ ಅವತ್ತು ರುಖಿಯಾ ಅಜ್ಜಿಯ ಜಗಲಿಯಲ್ಲಿ ಗಂಜಿ ಕುಡಿದರು.

ಫೋನ್ ಮಾಡಿದವರು ಜೂಲಿ ಅವರಿರಬೇಕು. ಆ ಕೆಟ್ಟ ಲೈನಿನಲ್ಲಿ ಬೇರೆ ಯಾರಾದರೂ ಆಗಿದ್ದರೆ ಬೇಸತ್ತು ಇಟ್ಟುಬಿಡುತ್ತಿದ್ದರು.

ಯೋಗೀಶ್
ತಂತ್ರಜ್ಞ


1 ಜೂನ್ 2023
ಉರ್ವ, ಮಂಗಳೂರು

ಯೋಗೀಶ್ ಅವರಿಗೆ,

ಮಂಜಿಗಳು ನಿಂತಿವೆ. ಇದನ್ನು ಅಂಚೆಗೆ ಹಾಕುತ್ತಿದ್ದೇನೆ, ಕೊಚ್ಚಿಯಿಂದ ಯಾವಾಗ ಹಡಗು ಹತ್ತುತ್ತದೋ ಹತ್ತಲಿ.

ಅವತ್ತು ಲೈನು ಕೆಟ್ಟಿರಲಿಲ್ಲ. ಅದು ನಾನು.

ನನಗೆ ಉಗ್ಗು ಉಂಟು. ನಾಲ್ಕು ವರ್ಷದವಳಿದ್ದಾಗಿನಿಂದ. ಸ್ವಲ್ಪ ಅಲ್ಲ, ತುಂಬ. ಕೆಲವು ಸಲ ಅಕ್ಷರ ಮತ್ತೆ ಮತ್ತೆ ಬರುತ್ತದೆ, ಕೆಲವು ಸಲ ಗಂಟಲಿಗೆ ಬೀಗ ಬಿದ್ದ ಹಾಗೆ ಏನೂ ಬರುವುದಿಲ್ಲ. ಮನೆಯಲ್ಲಿ ಅಣ್ಣ ನನ್ನ ಮಾತನ್ನೆಲ್ಲ ತಾನೇ ಮುಗಿಸಿಕೊಡುತ್ತಾನೆ. “ಇವಳು ಹೇಳುವುದು ಎಂತ ಅಂದ್ರೆ” ಎಂದು ಶುರುಮಾಡುತ್ತಾನೆ. ಪ್ರೀತಿಯಿಂದಲೇ. ನಾನು ಹೇಳಹೊರಟದ್ದು ಅದಲ್ಲ ಎಂದು ಹೇಳುವಷ್ಟು ಹೊತ್ತು ಯಾರಿಗೂ ಇರುವುದಿಲ್ಲ, ಹಾಗಾಗಿ ಅವನು ಹೇಳಿದ್ದೇ ನನ್ನ ಮಾತಾಗುತ್ತದೆ. ನನ್ನನ್ನು ನೋಡಲು ಬಂದವರ ಮುಂದೆಯೂ ಅವನೇ ಮಾತಾಡಿದ. ಅವರೂ ಅವನಿಗೇ ಉತ್ತರ ಹೇಳಿ ಹೋದರು. ನಿಮ್ಮ ಕಾಗದಗಳಿಗೆ ಉತ್ತರ ಬರೆಯುವಾಗ ಮಾತ್ರ ನನ್ನ ಮಾತನ್ನು ನಾನೇ ಮುಗಿಸುತ್ತಿದ್ದೆ.

ಏಪ್ರಿಲಿನಲ್ಲಿ ನೀವು ಫೋನ್ ಮಾಡಿದಾಗ ಜೂಲಿ ಊಟಕ್ಕೆ ಹೋಗಿದ್ದಳು. ನೀವು ನಿಮ್ಮ ಹೆಸರು ಹೇಳಿದಿರಿ. ನಾನು ಬಾಯಿ ತೆರೆದೆ. “ನೀವೇನಾ?” ಎಂದು ಕೇಳಿದಾಗ ಹೌದು ಎಂಬ ಎರಡಕ್ಷರ ಬೇಕಿತ್ತು. ಬರಲಿಲ್ಲ. ನೀವು ಅದನ್ನು ದೊಡ್ಡ ಮನೆ, ಸಣ್ಣ ಮನೆ ಎಂದು ತಿಳಿದಿರಿ. ಆ ಕಾಗದ ಓದಿ ಎಷ್ಟು ದಿನ ಊಟ ಸೇರಲಿಲ್ಲ ಎಂದು ಇಲ್ಲಿ ಯಾರಿಗೂ ಗೊತ್ತಿಲ್ಲ. ಮೊಬೈಲಿನಲ್ಲಿ ನಿಮಗೆ ಮೆಸೇಜ್ ಬರೆದೆ, ಅಳಿಸಿದೆ. ಇಷ್ಟು ವರ್ಷದ್ದು ಆ ಸಣ್ಣ ಚೌಕದಲ್ಲಿ ಹಿಡಿಸಲಿಲ್ಲ. ಮರ್ಯಾದೆಗೆ ಅಂಜಿದೆ ಕೂಡ.

ಆ ಸೋಮವಾರ ಸಾಹುಕಾರರು ಕುಂದಾಪುರಕ್ಕೆ ಮದುವೆಗೆ ಹೋಗಿದ್ದರು, ಜೂಲಿಗೆ ಜ್ವರ. ಹವಾಮಾನದ ಎಚ್ಚರಿಕೆ ಬಂತು. ಮಂಜಿಗಳನ್ನು ತಡೆಯುವುದು ಏಜೆಂಟರ ಹೊಣೆ. ತಾಂಡೇಲರ ಮೊಬೈಲಿಗೆ ಮೆಸೇಜ್ ಹಾಕಿದೆ, ಹೋಗಲಿಲ್ಲ. ನಿಮ್ಮ ಮೊಬೈಲೂ ಅಷ್ಟೇ. ದ್ವೀಪದ ಯಾವ ನಂಬರೂ ಇಲ್ಲ. ಪಕ್ಕದ ಗೋದಾಮಿಗೆ ಓಡಿ ಅಲ್ಲಿನ ಜಯನ ಹತ್ತಿರ ಹೇಳಲು ಹೋದೆ. ಅವನು ನನ್ನ ಬಾಯಿ ನೋಡಿ, “ನೀರು ಬೇಕಾ ಅಕ್ಕ?” ಎಂದು ಕೇಳಿದ. ಬರೆದು ತೋರಿಸೋಣ ಎಂದರೆ ಅವನಿಗೆ ಓದಲು ಬರುವುದಿಲ್ಲ. ವಾಪಸು ಬಂದು ನಿಮ್ಮ ಕೇಂದ್ರದ ನಂಬರ್ ಒತ್ತಿದೆ. ನೀವು ಇಡಿ ಅಂದಿರಿ. ನೀವು ಇಟ್ಟು ಮತ್ತೆ ಮಾಡಿದ್ದರೆ ನನಗೆ ಎತ್ತುವ ಧೈರ್ಯ ಉಳಿಯುತ್ತಿರಲಿಲ್ಲ. ಆಮೇಲೆ ಮೇಜಿನ ಮೇಲೆ ತಲೆಯಿಟ್ಟು ಅತ್ತೆ. ಮಂಜಿ ನಿಂತಿತೋ ಇಲ್ಲವೋ ಎಂದು ಮರುದಿನದವರೆಗೆ ತಿಳಿಯಲಿಲ್ಲ.

ಕೃತಜ್ಞತೆ ಜೂಲಿಯ ಹೆಸರಿಗೆ ಬಂತು. ಸಾಹುಕಾರರು ಅದನ್ನು ಎಲ್ಲರೆದುರು ಓದಿದರು. ಜೂಲಿ ನನ್ನ ಮುಖ ನೋಡಿದಳು. ನಾನು ಬಿಲ್ಲಿನ ಪುಸ್ತಕಕ್ಕೆ ತಲೆ ಬಗ್ಗಿಸಿದೆ. ಆದರೆ ನೀವು ತಪ್ಪು ತಿಳಿದಿರುವುದು ನನಗೆ ಬೇಡ.

ಇನ್ನು ನಿಮಗೆ ಬರೆಯಬೇಕು ಅನಿಸಿದರೆ ಬರೆಯಿರಿ.

ಆಶಾಲತಾ


8 ಅಕ್ಟೋಬರ್ 2023
ಪಾಂಗಿ ಕಣಿವೆ, ಹಿಮಾಚಲ ಪ್ರದೇಶ

ಆಶಾಲತಾ ಅವರಿಗೆ,

ಈ ವಿಳಾಸ ನೋಡಿ ನಿಮಗೆ ಆಶ್ಚರ್ಯವಾಗಬಹುದು. ಕೇಬಲ್ ದ್ವೀಪಕ್ಕೆ ಮುಟ್ಟುವುದು ಖಾತ್ರಿಯಾದ ಮೇಲೆ ನನ್ನ ಉಪಗ್ರಹದ ಕೋಣೆಗೆ ಹೆಚ್ಚು ಕೆಲಸವಿರಲಿಲ್ಲ. ಆ ಬಿಳಿ ಹಡಗು ಕಂಡಾಗಲೇ ನನಗೆ ಗೊತ್ತಿತ್ತು. ನಿಮಗೆ ಬರೆದರೆ ನೀವು ಕಾಗದ ನಿಲ್ಲಿಸುತ್ತೀರೇನೋ ಎಂದು ಬರೆಯಲಿಲ್ಲ. ಮೇ ಕೊನೆಯಲ್ಲಿ ನನ್ನನ್ನು ಕೊಚ್ಚಿಗೆ ಕರೆಸಿಕೊಂಡು ತರಬೇತಿಗೆ ಹಾಕಿದರು. ಆಮೇಲೆ ಇಲ್ಲಿಗೆ ಕಳಿಸಿದರು. ಅಲ್ಲಿ ಸುತ್ತ ನೀರು, ಇಲ್ಲಿ ಸುತ್ತ ಬೆಟ್ಟ. ಮತ್ತೆ ಒಂದೇ ಟವರ್. ಅದರ ಜನರೇಟರಿಗೆ ಡೀಸೆಲ್ ಲಾರಿಯಲ್ಲಿ ಬರಬೇಕು. ಹಿಮ ಬಿದ್ದರೆ ರಸ್ತೆ ಮುಚ್ಚುತ್ತದೆ. ಲಾರಿ ಬರುತ್ತದೋ ಇಲ್ಲವೋ ಎಂದು ಕೇಳಲು ಟವರ್ ಬೇಕು.

ಸೆಪ್ಟೆಂಬರಿನಲ್ಲಿ ಒಂದು ದಿನ ಮಂಗಳೂರಿನಲ್ಲಿ ಇಳಿದಿದ್ದೆ. ಅಮ್ಮ ಇಲ್ಲದ ಮನೆಗೆ ಮೊದಲ ಸಲ ಹೋದೆ. ಕಮಲೇಶ್ ಅವಳ ಕತ್ತಿಯನ್ನು ಇನ್ನೂ ಗೋಡೆಗೆ ಸಿಕ್ಕಿಸಿಟ್ಟಿದ್ದಾನೆ. ರಾತ್ರಿ ಕಂಕನಾಡಿಯ ಸ್ಟೇಷನ್ನಿನಿಂದ ರೈಲಿತ್ತು. ಅದಕ್ಕೆ ಮೊದಲು ಧೈರ್ಯ ಮಾಡಿ ನಿಮ್ಮ ಕಚೇರಿಗೆ ಬಂದೆ. ಒಬ್ಬ ಹೆಂಗಸು ಮೇಜಿನ ಹಿಂದೆ ಕುಳಿತಿದ್ದರು. “ಆಶಾಲತಾ ಮೇಡಂ ಇದ್ದಾರಾ?” ಎಂದು ಕೇಳಿದೆ. ಅವರು ತಲೆ ಅಲ್ಲಾಡಿಸಿದರು. ಅವರಿಗೆ ಹುಷಾರಿರಲಿಲ್ಲವೋ ಏನೋ, ಮುಖ ಕೆಂಪಾಗಿತ್ತು. ದ್ವೀಪದ ಒಣಗಿಸಿದ ಮೀನು ತಂದಿದ್ದೆ. “ಅವರಿಗೆ ಕೊಡಿ. ಏಪ್ರಿಲಿನಿಂದ ಅವರ ಕಾಗದ ಬರಲಿಲ್ಲ, ಸಿಟ್ಟಿದ್ದರೆ ಬಿಡಲು ಹೇಳಿ” ಎಂದು ಹೇಳಿ ಬಂದೆ.

ಮೀನು ಮುಟ್ಟಿತೇ?

ಯೋಗೀಶ್


27 ಅಕ್ಟೋಬರ್ 2023
ಮಂಗಳೂರು

ಯೋಗೀಶ್ ಅವರಿಗೆ,

ಮೀನು ಮುಟ್ಟಿತು. ನೀವು ಕೊಟ್ಟದ್ದು ನನ್ನ ಕೈಗೇ.

ಜೂನಿನಲ್ಲಿ ನಾನು ಬರೆದ ಕಾಗದ ದ್ವೀಪದವರೆಗೆ ಹೋಗಿ, ವಿಳಾಸದಾರರು ಇಲ್ಲ ಎಂಬ ಮುದ್ರೆ ಹಾಕಿಸಿಕೊಂಡು ಮೊನ್ನೆ ನನ್ನ ಹತ್ತಿರವೇ ಬಂದಿದೆ. ಒಡೆಯದೆ ಇದರ ಒಳಗೆ ಇಟ್ಟಿದ್ದೇನೆ. ಮೊದಲು ಅದನ್ನು ಓದಿ, ಆಮೇಲೆ ಮುಂದಕ್ಕೆ ಓದಿ.

ಓದಿದಿರಾ?

ಸೆಪ್ಟೆಂಬರಿನಲ್ಲಿ ನೀವು ಬಾಗಿಲಲ್ಲಿ ನಿಂತಾಗ ಮುಖ ನೋಡಿಯೇ ನನಗೆ ಗೊತ್ತಾಯಿತು. ಹುಬ್ಬು ಅಕ್ಕು ಅವರದ್ದೇ. ನಾನು ಬರೆದದ್ದನ್ನು ಓದಿ, ಎಲ್ಲ ತಿಳಿದು ಬಂದಿದ್ದೀರಿ ಎಂದುಕೊಂಡೆ. ನಾಲ್ಕು ತಿಂಗಳು ಉತ್ತರ ಬರದಿದ್ದುದು ಇದಕ್ಕೇ, ನೇರ ಬರಲಿಕ್ಕೇ ಎಂದುಕೊಂಡೆ. ಕುರ್ಚಿಯಿಂದ ಏಳಲೂ ಆಗಲಿಲ್ಲ. ನಾನೇ ಎಂದು ಹೇಳಬೇಕಿತ್ತು. ನಾ ಎಂಬ ಅಕ್ಷರ ನಾಲಿಗೆಗೆ ಅಂಟಿಕೊಂಡಿತು. ನೀವು ಸಂಕೋಚದಿಂದ ನೋಟ ಬೇರೆ ಕಡೆ ತಿರುಗಿಸಿದಿರಿ. ಆಗ ತಲೆ ಅಲ್ಲಾಡಿಸಿದೆ. ಬಾಯಿ ಬರಲಿಲ್ಲ, ಸರಿ. ತಲೆ ಅಲ್ಲಾಡಿಸಿದ್ದು ಮಾತ್ರ ಉಗ್ಗು ಅಲ್ಲ, ಅದು ನಾನೇ ಮಾಡಿದ್ದು. ಕಾಗದ ಬರಲಿಲ್ಲ ಎಂದು ನೀವು ಹೇಳಿದಾಗ ನಿಮಗೆ ಏನೂ ತಿಳಿದಿಲ್ಲವೆಂದು ಗೊತ್ತಾಯಿತು. ನೀವು ಮೆಟ್ಟಿಲು ಇಳಿದಿರಿ. ಕಿಟಕಿಯ ಹತ್ತಿರ ಹೋಗಿ ನಿಂತೆ. ದಕ್ಕೆಯಲ್ಲಿ ನೀವು ಕುಂಞಿಕೋಯ ತಾಂಡೇಲರ ಕೈ ಹಿಡಿದು ಮಾತಾಡುತ್ತಿದ್ದಿರಿ. ಆಮೇಲೆ ರಿಕ್ಷಾ ಹತ್ತಿದಿರಿ. ಅಷ್ಟು ಹೊತ್ತಿತ್ತು. ಇಳಿದು ಬರಬಹುದಿತ್ತು.

ಕಳೆದ ವಾರ ಜೂಲಿಯ ಹತ್ತಿರ ಎಲ್ಲ ಹೇಳಿದೆ. ಪೂರ್ತಿ ಹೇಳಿ ಮುಗಿಸಲು ಒಂದು ಮಧ್ಯಾಹ್ನ ಬೇಕಾಯಿತು. ಅವಳು ಬುತ್ತಿ ಮುಚ್ಚಿಟ್ಟು ಕುಳಿತಿದ್ದಳು. “ನನ್ನ ಹೆಸರಿಗೆ ಬಂದ ಥ್ಯಾಂಕ್ಸು ಇಷ್ಟು ದಿನ ಯಾಕೆ ನನ್ನ ತಲೆಗೆ ಕಟ್ಟಿದ್ದು ಮಾರಾಯ್ತಿ?” ಎಂದು ಬೈದಳು. ಸಾಹುಕಾರರಿಗೂ ಅವಳೇ ಹೋಗಿ ಹೇಳಿದಳು. ಮನೆಯಲ್ಲಿ ಇನ್ನೂ ಹೇಳಿಲ್ಲ.

ಈಗ ಒಂದು ಮಾತು ಕೇಳುತ್ತೇನೆ. ಹಿಮ ಬೀಳುವ ಮೊದಲು ಒಂದು ಮಧ್ಯಾಹ್ನ ಕಚೇರಿಗೆ ಫೋನ್ ಮಾಡಿ. ಎತ್ತುವುದು ನಾನೇ. ತುಂಬ ಹೊತ್ತು ಏನೂ ಕೇಳಿಸಲಿಕ್ಕಿಲ್ಲ. ನಾನು ಅಲ್ಲೇ ಇರುತ್ತೇನೆ.

ಆಶಾಲತಾ


19 ನವೆಂಬರ್ 2023
ಪಾಂಗಿ ಕಣಿವೆ

ಆಶಾಲತಾ,

ನಿಮ್ಮ ಎರಡು ಕಾಗದಗಳು ಒಂದೇ ಲಕೋಟೆಯಲ್ಲಿ, ಬಹುಶಃ ಈ ವರ್ಷದ ಕೊನೆಯ ಬಸ್ಸಿನಲ್ಲಿ, ಆಲೂಗಡ್ಡೆ ಮೂಟೆಗಳ ಜೊತೆ ಹತ್ತಿ ಬಂದವು. ಡೀಸೆಲ್ ಲಾರಿ ಒಂದು ಮಾತ್ರ ಬಂದಿದೆ, ಎರಡು ಬರಬೇಕಿತ್ತು. ಇನ್ನು ಟವರನ್ನು ದಿನಕ್ಕೆ ಸ್ವಲ್ಪ ಹೊತ್ತು ಮಾತ್ರ ಎಬ್ಬಿಸುವುದು. ಕೇಂದ್ರದ ಫೋನಿಗೆ ಊರಿನವರೆಲ್ಲ ಸರದಿ ಹಚ್ಚಿದ್ದಾರೆ. ನನ್ನ ಸರದಿ ನಿನ್ನೆ ಬಂತು.

ನಿಮಗೆ ಗೊತ್ತಿರುವುದನ್ನೇ ಬರೆಯುತ್ತಿದ್ದೇನೆ, ನನಗಾಗಿ. ನೀವು ಎತ್ತಿದಿರಿ. ನಾನು ಏನೂ ಕೇಳಲಿಲ್ಲ. ಅಮ್ಮನ ಹಾಗೆ ಕೈಯಲ್ಲಿದ್ದದ್ದನ್ನು ಕೆಳಗಿಟ್ಟು ಕುಳಿತೆ. ನಿಮ್ಮ ಹಿಂದೆ ದಕ್ಕೆಯಲ್ಲಿ ಮೂಟೆ ಇಳಿಸುವುದು ಕೇಳಿಸುತ್ತಿತ್ತು, ಯಾರೋ ತುಳುವಿನಲ್ಲಿ ಬೈಯುತ್ತಿದ್ದರು, ಕಾಗೆ ಕೂಗಿತು. ಅಷ್ಟು ಸಾಕಿತ್ತು ನನಗೆ, ಊರಿಗೆ ಹೋಗಿ ಬಂದ ಹಾಗಾಯಿತು. ಹೊರಗೆ ಸರದಿಯವರು ಬಾಗಿಲು ತಟ್ಟಿದರು. ನಾನು ತೆರೆಯಲಿಲ್ಲ. ಆಮೇಲೆ ನೀವು ನನ್ನ ಹೆಸರು ಹೇಳಿದಿರಿ. ಯೋ ಎಂಬುದು ಎಷ್ಟೋ ಹೊತ್ತು ಬಂತು, ಗೀಶ್ ಎಂಬುದು ಒಮ್ಮೆಲೇ ಬಂತು.

ನಾನು ತುಂಬ ಮಾತು ಜೋಡಿಸಿಟ್ಟಿದ್ದೆ. ಒಂದೂ ಬರಲಿಲ್ಲ. ಇಷ್ಟು ವರ್ಷ ಈ ಕೆಲಸ ಮಾಡಿದ ನಾನು ಆ ಕರಿಯ ಫೋನ್ ಹಿಡಿದು ಸುಮ್ಮನೆ ಅಳುತ್ತಿದ್ದೆ. ಆಗ ನೀವೇ, ಒಂದು ಕಡೆಯೂ ತಡೆಯದೆ, ಕೇಳಿದಿರಿ:

“ಲೈನ್ ಉಂಟಾ?”

ಉಂಟು ಎಂದು ಹೇಳಲು ನನಗೆ ಎಷ್ಟು ಹೊತ್ತು ಬೇಕಾಯಿತು! ನೀವು ಇಡಲಿಲ್ಲ.

ಈಗ ಕಿಟಕಿಯ ಹೊರಗೆ ಹಿಮ ಬೀಳುತ್ತಿದೆ. ಒಬ್ಬ ಮಾಸ್ತರರು ಕೆಳಗೆ ನಡೆದು ಹೋಗುತ್ತಿದ್ದಾರೆ, ಈ ಕಾಗದ ಅವರ ಚೀಲದಲ್ಲಿ. ಅವರ ನಂತರ ಇಳಿಯುವವರು ಯಾರೂ ಇಲ್ಲ. ರಸ್ತೆ ಇನ್ನು ತೆರೆಯುವುದು ಬೇಸಗೆಯಲ್ಲಂತೆ.

ಯೋಗೀಶ್